ಹಳ್ಳಿಗಳಿಗೆ ಹೋದ ಕಣ್ಣಿನ ಡಾಕ್ಟರು: ಡಾ. ಎಂ. ಸಿ. ಮೋದಿ

ಬೆಂಗಳೂರಿನ ಪೀಣ್ಯ, ದಾಸರಹಳ್ಳಿ, ಲಗ್ಗೆರೆ ಕಡೆಯ ಮಕ್ಕಳಿಗೆ ಮೋದಿ ಆಸ್ಪತ್ರೆ ರಸ್ತೆ ಎಂಬ ಹೆಸರು ಹೊಸದಲ್ಲ. ರಾಜಾಜಿನಗರ, ಬಸವೇಶ್ವರನಗರದ ಕಡೆ ಹೋಗುವಾಗ ಆ ಹೆಸರು ಕಿವಿಗೆ ಬಿದ್ದೇ ಬೀಳುತ್ತದೆ. ಬಸ್ಸಿನಲ್ಲಿ ಕೆಲವರು ಅಲ್ಲಿಗೆಂದೇ ಟಿಕೆಟು ಕೇಳುತ್ತಾರೆ, ಆಟೋ ಚಾಲಕರು ಆ ಹೆಸರಿನಿಂದಲೇ ದಾರಿ ಗುರುತಿಸುತ್ತಾರೆ. ಆದರೆ ಆ ಮೋದಿ ಯಾರು, ಅವರ ಹೆಸರು ಈ ರಸ್ತೆಗೆ ಏಕೆ ಬಂತು ಎಂದು ಕೇಳಿದರೆ ಉತ್ತರ ಹೇಳುವವರು ಕಡಿಮೆ.

ಅವರು ಡಾ. ಎಂ. ಸಿ. ಮೋದಿ, ಕಣ್ಣಿನ ಡಾಕ್ಟರು. ಅವರ ಕಾಲದಲ್ಲಿ ರೋಗಿಗಳು ಆಸ್ಪತ್ರೆ ಹುಡುಕಿಕೊಂಡು ಪಟ್ಟಣಕ್ಕೆ ಬರಬೇಕಿತ್ತು. ಬರಲಾಗದವರು ಕುರುಡರಾಗಿಯೇ ಉಳಿಯುತ್ತಿದ್ದರು. ಮೋದಿಯವರು ಈ ಕ್ರಮವನ್ನು ತಿರುಗಿಸಿದರು. ಆಸ್ಪತ್ರೆಯನ್ನೇ ಹಳ್ಳಿಗೆ ಕೊಂಡೊಯ್ದರು. ಸುಮಾರು ಅರ್ಧ ಶತಮಾನ ಹೀಗೆ ಊರೂರು ತಿರುಗಿ ಲಕ್ಷಾಂತರ ಜನರಿಗೆ ದೃಷ್ಟಿ ಮರಳಿಸಿದರು. ಅವರ ಬದುಕನ್ನು, ಅದರ ಜೊತೆಗೆ ನಮ್ಮ ಕಣ್ಣಿನ ಒಂದು ಮುಖ್ಯ ರೋಗವನ್ನು ಈಗ ತಿಳಿಯೋಣ.

ಬೀಳಗಿಯ ಹುಡುಗ

ಮುರಿಗೆಪ್ಪ ಚನ್ನವೀರಪ್ಪ ಮೋದಿಯವರು ಹುಟ್ಟಿದ್ದು 1916ರ ಅಕ್ಟೋಬರ್ 4ರಂದು, ಬೀಳಗಿಯಲ್ಲಿ. ಆಗ ಬೀಳಗಿ ವಿಜಾಪುರ ಜಿಲ್ಲೆಯಲ್ಲಿತ್ತು. 1997ರಲ್ಲಿ ಬಾಗಲಕೋಟೆ ಹೊಸ ಜಿಲ್ಲೆಯಾದ ಮೇಲೆ ಅದಕ್ಕೆ ಸೇರಿತು. ಅದು ಜೋಳ ಬೆಳೆಯುವ, ಬೇಸಿಗೆಯಲ್ಲಿ ಬಿಸಿಲು ಸುಡುವ ಬಯಲುಸೀಮೆ.

ಆ ಕಾಲದ ಹಳ್ಳಿಯನ್ನು ಕಣ್ಣ ಮುಂದೆ ತಂದುಕೊಳ್ಳಿ. ಹೆರಿಗೆಗೆ ಸೂಲಗಿತ್ತಿ, ಮೂಳೆ ಮುರಿದರೆ ನಾಟಿ ವೈದ್ಯ, ಜ್ವರ ಬಂದರೆ ಮನೆಯ ಕಷಾಯ. ಓದಿದ ಡಾಕ್ಟರು ಬೇಕೆಂದರೆ ಬಂಡಿ ಕಟ್ಟಿಕೊಂಡು ದೂರದ ಪಟ್ಟಣಕ್ಕೆ ಹೋಗಬೇಕು. ಹೆಚ್ಚಿನವರು ಹೋಗುತ್ತಲೇ ಇರಲಿಲ್ಲ.

ಕಣ್ಣಿನ ವಿಷಯದಲ್ಲಂತೂ ಜನ ಬೇಗ ಕೈಚೆಲ್ಲುತ್ತಿದ್ದರು. ಕಣ್ಣು ಮಂಜಾದರೆ ವಯಸ್ಸಾಯಿತು ಎನ್ನುತ್ತಿದ್ದರು. ಪೂರ್ತಿ ಕಾಣದಾದರೆ ಹಣೆಬರಹ ಎನ್ನುತ್ತಿದ್ದರು. ಕೆಲವರು ಸೊಪ್ಪಿನ ರಸ, ಗಿಡದ ಹಾಲು ಕಣ್ಣಿಗೆ ಹಿಂಡಿಸಿಕೊಂಡು ಉಳಿದಿದ್ದ ದೃಷ್ಟಿಯನ್ನೂ ಕಳೆದುಕೊಳ್ಳುತ್ತಿದ್ದರು.

ಒಕ್ಕಲುತನದ ಮನೆಯಲ್ಲಿ ಹಿರಿಯರೊಬ್ಬರಿಗೆ ಕಣ್ಣು ಹೋದರೆ ಏನಾಗುತ್ತದೆ? ಅವರು ಹೊಲಕ್ಕೆ ಹೋಗಲಾರರು, ಕಾಳು ಆರಿಸಲಾರರು, ಬಾವಿಯ ಬಳಿ ಹೋಗಲಾರರು. ಮನೆಯ ಪಡಸಾಲೆಯ ಒಂದು ಮೂಲೆಯೇ ಅವರ ಲೋಕವಾಗುತ್ತದೆ. ಅವರ ಕೈ ಹಿಡಿದು ನಡೆಸಲು ಯಾರಾದರೂ ಬೇಕು. ದೊಡ್ಡವರಿಗೆ ಕೂಲಿಯ ಕೆಲಸ, ಹಾಗಾಗಿ ಆ ಹೊಣೆ ಮನೆಯ ಮಗುವಿನ ಮೇಲೆ ಬೀಳುತ್ತದೆ. ಅಜ್ಜನ ಕೋಲಿನ ಒಂದು ತುದಿ ಹಿಡಿದ ಮಗು ಶಾಲೆಗೆ ಹೋಗುವುದು ಹೇಗೆ? ಒಬ್ಬರ ಕಣ್ಣು ಹೋದರೆ ಇಬ್ಬರ ಬದುಕು ನಿಲ್ಲುತ್ತಿತ್ತು.

ಅವರೆಕಾಳಿನಂಥ ಮಸೂರ

ಹಿರಿಯರಲ್ಲಿ ಹೆಚ್ಚಿನವರ ದೃಷ್ಟಿ ಹೋಗುತ್ತಿದ್ದುದು ಕಣ್ಣಿನ ಪೊರೆಯಿಂದ. ಉತ್ತರ ಕರ್ನಾಟಕದಲ್ಲಿ ಇದನ್ನು ಮೋತಿಬಿಂದು ಎಂದೂ ಹೇಳುತ್ತಾರೆ. ಹಾಗೆಂದರೇನು?

ನಮ್ಮ ಕಣ್ಣಿನ ಕಪ್ಪು ಪಾಪೆಯ ಹಿಂದೆ ಒಂದು ಪಾರದರ್ಶಕ ಮಸೂರವಿದೆ. ಅಗಲ ಸುಮಾರು 9 ಮಿಲಿಮೀಟರು, ದಪ್ಪ ಸುಮಾರು 4 ಮಿಲಿಮೀಟರು. ಹೆಚ್ಚುಕಡಿಮೆ ಒಂದು ಅವರೆಕಾಳಿನ ಗಾತ್ರ ಎನ್ನಬಹುದು. ಹೊರಗಿನಿಂದ ಬಂದ ಬೆಳಕು ಕಣ್ಣಿನ ಮುಂಭಾಗದ ಕಾರ್ನಿಯವನ್ನು ದಾಟಿ, ಪಾಪೆಯ ಮೂಲಕ ಒಳಗೆ ಬಂದು, ಈ ಮಸೂರದಲ್ಲಿ ಹಾದು ಹಿಂಬದಿಯ ಅಕ್ಷಿಪಟಲದ ಮೇಲೆ ಬೀಳುತ್ತದೆ. ಅಲ್ಲಿ ಬಿಂಬ ಮೂಡುತ್ತದೆ. ನರದ ಮೂಲಕ ಆ ಸುದ್ದಿ ಮಿದುಳಿಗೆ ತಲುಪಿದಾಗ ನಮಗೆ ಕಾಣುತ್ತದೆ.

ಮಸೂರದಲ್ಲಿ ರಕ್ತನಾಳಗಳಿಲ್ಲ. ಅದರೊಳಗೆ ಇರುವುದು ಹೆಚ್ಚಾಗಿ ನೀರು ಮತ್ತು ಪ್ರೋಟೀನು. ಈ ಪ್ರೋಟೀನುಗಳು ಬಹಳ ಶಿಸ್ತಾಗಿ ಜೋಡಿಸಿಕೊಂಡಿರುವುದರಿಂದ ಬೆಳಕು ತಡೆಯಿಲ್ಲದೆ ಹಾದುಹೋಗುತ್ತದೆ. ವಯಸ್ಸಾದಂತೆ ಈ ಶಿಸ್ತು ಕೆಡುತ್ತದೆ. ಪ್ರೋಟೀನುಗಳು ಒಂದಕ್ಕೊಂದು ಅಂಟಿಕೊಂಡು ಮುದ್ದೆಯಾಗುತ್ತವೆ. ಆಗ ಮಸೂರ ಮಂಜಾಗುತ್ತದೆ.

ಮೊಟ್ಟೆ ಬೇಯಿಸುವುದನ್ನು ನೋಡಿದ್ದೀರಲ್ಲ? ಒಡೆದ ಹಸಿ ಮೊಟ್ಟೆಯ ಲೋಳೆ ಹೆಚ್ಚುಕಡಿಮೆ ನೀರಿನಂತೆ ಇರುತ್ತದೆ. ಬೆಂದ ಮೇಲೆ ಅದೇ ಲೋಳೆ ಬೆಳ್ಳಗಾಗುತ್ತದೆ. ಅಲ್ಲಿಯೂ ಪ್ರೋಟೀನುಗಳು ಒಂದಕ್ಕೊಂದು ಅಂಟಿಕೊಳ್ಳುತ್ತವೆ. ಮೊಟ್ಟೆ ಕೆಲವು ನಿಮಿಷಗಳಲ್ಲಿ ಬೆಳ್ಳಗಾದರೆ, ಕಣ್ಣಿನ ಮಸೂರಕ್ಕೆ ಹಲವು ವರ್ಷ ಹಿಡಿಯುತ್ತದೆ. ಬೆಂದ ಮೊಟ್ಟೆಯನ್ನು ಮತ್ತೆ ಹಸಿ ಮಾಡಲು ಆಗುವುದಿಲ್ಲ. ಹಾಗೆಯೇ ಮಂಜಾದ ಮಸೂರವನ್ನು ತಿಳಿಗೊಳಿಸುವ ಹನಿ ಔಷಧಿ ಇಂದಿಗೂ ಇಲ್ಲ.

ಪೊರೆ ಎಂಬ ಹೆಸರು ಸ್ವಲ್ಪ ದಾರಿ ತಪ್ಪಿಸುತ್ತದೆ. ಹಾಲಿನ ಮೇಲಿನ ಕೆನೆಯಂತೆ ಕಣ್ಣಿನ ಮೇಲೆ ಏನೋ ಬೆಳೆದಿದೆ, ಅದನ್ನು ಒರೆಸಿ ತೆಗೆಯಬಹುದು ಎಂದು ತೋರುತ್ತದೆ. ನಿಜವಾಗಿ ಮೇಲೆ ಬೆಳೆದದ್ದು ಏನೂ ಇಲ್ಲ. ಒಳಗಿನ ಮಸೂರವೇ ಮಬ್ಬಾಗಿರುತ್ತದೆ. ವಯಸ್ಸು ಇದಕ್ಕೆ ಮುಖ್ಯ ಕಾರಣ. ಸಕ್ಕರೆ ಕಾಯಿಲೆ, ಕಣ್ಣಿಗೆ ಬಿದ್ದ ಪೆಟ್ಟು, ವರ್ಷಗಟ್ಟಲೆ ಬಿದ್ದ ತೀಕ್ಷ್ಣ ಬಿಸಿಲು, ಧೂಮಪಾನ ಇವೂ ಸೇರಿಕೊಳ್ಳುತ್ತವೆ. ಕೆಲವು ಮಕ್ಕಳಿಗೆ ಹುಟ್ಟುವಾಗಲೇ ಪೊರೆ ಇರುವುದುಂಟು. ಇದು ಒಬ್ಬರಿಂದ ಒಬ್ಬರಿಗೆ ಅಂಟುವ ರೋಗವಲ್ಲ.

ಔಷಧಿ ಇತ್ತು, ದಾರಿ ಇರಲಿಲ್ಲ

ಮಂಜಾದ ಮಸೂರವನ್ನು ಶಸ್ತ್ರಚಿಕಿತ್ಸೆಯಿಂದ ಸರಿಸಬೇಕು ಎಂಬುದು ಬಹಳ ಹಳೆಯ ತಿಳಿವಳಿಕೆ. ನಮ್ಮ ದೇಶದ ಸುಶ್ರುತ ಸಂಹಿತೆಯಲ್ಲೇ ಇದರ ವಿವರಣೆ ಇದೆ. ಚೂಪಾದ ಸಲಾಕೆಯಿಂದ ಮಸೂರವನ್ನು ಕಣ್ಣಿನೊಳಗೇ ಬದಿಗೆ ತಳ್ಳುತ್ತಿದ್ದರು. ದಾರಿ ತೆರವಾಗಿ ಸ್ವಲ್ಪ ಬೆಳಕು ಕಾಣುತ್ತಿತ್ತು. ಆದರೆ ಹಲವರಿಗೆ ಕಣ್ಣು ಕೀವಾಗಿ ಪೂರ್ತಿ ಹೋಗುತ್ತಿತ್ತು. ಫ್ರಾನ್ಸಿನ ಜಾಕ್ ದಾವಿಯೆಲ್ ಎಂಬ ವೈದ್ಯರು 18ನೆಯ ಶತಮಾನದ ನಡುವೆ ಮಸೂರವನ್ನು ಹೊರಗೆ ತೆಗೆಯುವ ಕ್ರಮವನ್ನು ರೂಪಿಸಿದರು. 1884ರಲ್ಲಿ ಕಣ್ಣನ್ನು ಮಾತ್ರ ಮರಗಟ್ಟಿಸುವ ಹನಿ ಔಷಧಿ ಬಂದ ಮೇಲೆ ರೋಗಿ ಎಚ್ಚರವಾಗಿರುವಾಗಲೇ ನೋವಿಲ್ಲದೆ ಶಸ್ತ್ರಚಿಕಿತ್ಸೆ ಮಾಡುವುದು ಸಾಧ್ಯವಾಯಿತು.

ಬೆಂಗಳೂರಿನಲ್ಲಿಯೂ 1896ರಿಂದ ಕಣ್ಣಿನ ಆಸ್ಪತ್ರೆ ಇದೆ. ಅದೇ ಈಗಿನ ಮಿಂಟೋ ಆಸ್ಪತ್ರೆ. ಹಾಗಿದ್ದರೂ ಜನ ಕುರುಡರಾಗಿಯೇ ಏಕೆ ಉಳಿದರು?

ಒಂದು ಉದಾಹರಣೆ ನೋಡೋಣ. ಇಂದು ಎಲೆಕ್ಟ್ರಾನಿಕ್ ಸಿಟಿ ಇರುವ ಕಡೆ ಆಗ ದೊಡ್ಡತೋಗೂರು, ಕೋನಪ್ಪನ ಅಗ್ರಹಾರ ಎಂಬ ಹಳ್ಳಿಗಳ ಹೊಲಗಳಿದ್ದವು. ಅಲ್ಲಿಂದ ಮಿಂಟೋ ಆಸ್ಪತ್ರೆಗೆ ಸುಮಾರು 20 ಕಿಲೋಮೀಟರು. ಇಂದು ಆ ದೂರ ದೊಡ್ಡದಲ್ಲ. ಆದರೆ ಕಣ್ಣು ಕಾಣದ ಮುದುಕಿಯೊಬ್ಬಳಿಗೆ ಅದು ಎಷ್ಟು ದೂರ! ಬಂಡಿ ಬೇಕು, ಜೊತೆಗೆ ಒಬ್ಬರು ಬೇಕು, ಆ ಒಬ್ಬರು ಕೂಲಿ ಬಿಡಬೇಕು. ಶಸ್ತ್ರಚಿಕಿತ್ಸೆಯಾದ ಮೇಲೆ ಎಷ್ಟೋ ದಿನ ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ಅಲುಗಾಡದೆ ಮಲಗಬೇಕು. ಅಷ್ಟು ದಿನ ಜೊತೆಗಿದ್ದವರ ಊಟ, ವಸತಿಗೆ ಏನು ಮಾಡುವುದು? ಇದರ ಮೇಲೆ, ಕಣ್ಣಿಗೆ ಕತ್ತರಿ ಹಾಕುತ್ತಾರೆಂಬ ಭಯ. ಬೆಂಗಳೂರಿನ ಸುತ್ತಲಿನ ಹಳ್ಳಿಗಳಿಗೇ ಹೀಗಿದ್ದರೆ ಬೀಳಗಿಯಂಥ ಊರುಗಳ ಪಾಡೇನು?

ಅಂದರೆ ರೋಗಕ್ಕೆ ಪರಿಹಾರ ಇರಲಿಲ್ಲವೆಂದಲ್ಲ. ರೋಗಿಗೂ ಪರಿಹಾರಕ್ಕೂ ನಡುವಿನ ದಾರಿಯೇ ನಿಜವಾದ ತೊಡಕಾಗಿತ್ತು. ಮೋದಿಯವರು ಕೈಹಾಕಿದ್ದು ಈ ತೊಡಕಿಗೆ.

1943ರಲ್ಲಿ ಆರಂಭ

ಮೋದಿಯವರು ವೈದ್ಯಶಾಸ್ತ್ರ ಓದಿ ಕಣ್ಣಿನ ಶಸ್ತ್ರಚಿಕಿತ್ಸೆಯನ್ನು ತಮ್ಮ ಕ್ಷೇತ್ರವಾಗಿ ಆರಿಸಿಕೊಂಡರು. ಅದು ಸ್ವಾತಂತ್ರ್ಯ ಹೋರಾಟ ಬಿರುಸಾಗಿದ್ದ ಕಾಲ. 1942ರಲ್ಲಿ ಗಾಂಧೀಜಿಯವರು ಕ್ವಿಟ್ ಇಂಡಿಯಾ ಚಳವಳಿಗೆ ಕರೆ ಕೊಟ್ಟಿದ್ದರು. ಓದಿದವರು ಹಳ್ಳಿಗಳಿಗೆ ಹೋಗಿ ದುಡಿಯಬೇಕೆಂಬ ಮಾತು ಎಲ್ಲೆಡೆ ಕೇಳಿಬರುತ್ತಿತ್ತು. ಮರುವರ್ಷ, ಅಂದರೆ 1943ರಲ್ಲಿ, ಮೋದಿಯವರು ಉಚಿತ ಸಾಮೂಹಿಕ ಕಣ್ಣಿನ ಶಸ್ತ್ರಚಿಕಿತ್ಸೆ ಆರಂಭಿಸಿದರು. ಆಗ ಅವರಿಗೆ ಸುಮಾರು 26 ವರ್ಷ.

ಪಟ್ಟಣದಲ್ಲಿ ಕುಳಿತು ಹಣ ಗಳಿಸುವ ದಾರಿ ಅವರಿಗೆ ತೆರೆದೇ ಇತ್ತು. ಅವರು ಊರೂರು ತಿರುಗುವ ದಾರಿ ಹಿಡಿದರು. ದಾವಣಗೆರೆಯನ್ನು ನೆಲೆ ಮಾಡಿಕೊಂಡು ಕೆಲಸ ಮಾಡಿದರು. ಮುಂದೆ ಬೆಂಗಳೂರಿನ ವೆಸ್ಟ್ ಆಫ್ ಕಾರ್ಡ್ ರಸ್ತೆಯಲ್ಲಿ ಅವರ ಹೆಸರಿನ ಕಣ್ಣಿನ ಆಸ್ಪತ್ರೆ ಎದ್ದಿತು. ಆದರೆ ಜನರು ಅವರನ್ನು ಗುರುತಿಸಿದ್ದು ಶಿಬಿರಗಳಿಂದ.

ಶಾಲೆಯೇ ಆಸ್ಪತ್ರೆಯಾದಾಗ

ಆ ಕಾಲದ ಕಣ್ಣಿನ ಶಿಬಿರ ಹೇಗಿರುತ್ತಿತ್ತು? ಮೊದಲು ಸುತ್ತಲಿನ ಹಳ್ಳಿಗಳಲ್ಲಿ ಡಂಗುರ ಸಾರುತ್ತಿದ್ದರು. ಸಂತೆಯಲ್ಲಿ, ಜಾತ್ರೆಯಲ್ಲಿ ಸುದ್ದಿ ಹರಡುತ್ತಿತ್ತು. ಊರಿನ ಶಾಲೆ, ಛತ್ರ ಅಥವಾ ಮಠ ಆಸ್ಪತ್ರೆಯಾಗಿ ಮಾರ್ಪಡುತ್ತಿತ್ತು. ಬೆಂಚುಗಳನ್ನು ಹೊರಗಿಟ್ಟು ಕೊಠಡಿ ತೊಳೆದು ನೆಲದ ಮೇಲೆ ಹಾಸಿಗೆ ಹಾಸುತ್ತಿದ್ದರು. ಊರಿನವರು ಅಕ್ಕಿ, ಜೋಳ, ಬೇಳೆ, ಸೌದೆ ಕೂಡಿಸಿ ಅಡುಗೆ ಮಾಡುತ್ತಿದ್ದರು. ಯುವಕರು ಸ್ವಯಂಸೇವಕರಾಗಿ ರೋಗಿಗಳ ಕೈ ಹಿಡಿದು ನಡೆಸುತ್ತಿದ್ದರು.

ಬಂಡಿಗಳಲ್ಲಿ, ಬಸ್ಸುಗಳಲ್ಲಿ, ಕಾಲ್ನಡಿಗೆಯಲ್ಲಿ ಜನ ಬರುತ್ತಿದ್ದರು. ಒಬ್ಬೊಬ್ಬರ ಕಣ್ಣನ್ನೂ ಪರೀಕ್ಷಿಸಿ, ಶಸ್ತ್ರಚಿಕಿತ್ಸೆಯಿಂದ ಯಾರಿಗೆ ಪ್ರಯೋಜನವಿದೆ ಎಂದು ಆರಿಸುತ್ತಿದ್ದರು. ಆಯ್ಕೆಯಾದವರ ಕಣ್ಣು ತೊಳೆದು, ಔಷಧಿ ಹಾಕಿ ಮರಗಟ್ಟಿಸಿ, ಸಾಲಾಗಿ ಸಿದ್ಧಗೊಳಿಸುತ್ತಿದ್ದರು. ವೈದ್ಯರು ಮಸೂರವನ್ನು ತೆಗೆಯುತ್ತಿದ್ದರು. ಬಳಿಕ ಇನ್ನೊಬ್ಬರು ಪಟ್ಟಿ ಕಟ್ಟುತ್ತಿದ್ದರು. ಕೆಲವು ದಿನಗಳ ನಂತರ ಪಟ್ಟಿ ಬಿಚ್ಚುತ್ತಿದ್ದರು.

ಪೀಣ್ಯದ ಕಾರ್ಖಾನೆಗಳಲ್ಲಿ ಕೆಲಸ ಮಾಡುವ ನಿಮ್ಮ ಅಪ್ಪ ಅಮ್ಮಂದಿರನ್ನು ಕೇಳಿ ನೋಡಿ. ಒಂದು ವಸ್ತುವನ್ನು ಅಲ್ಲಿ ಒಬ್ಬರೇ ಪೂರ್ತಿ ತಯಾರಿಸುವುದು ಅಪರೂಪ. ಒಬ್ಬರು ಕೊರೆಯುತ್ತಾರೆ, ಒಬ್ಬರು ಉಜ್ಜುತ್ತಾರೆ, ಒಬ್ಬರು ಜೋಡಿಸುತ್ತಾರೆ, ಒಬ್ಬರು ಪರೀಕ್ಷಿಸುತ್ತಾರೆ. ಒಂದು ಸಾಲಿನಲ್ಲಿ ಕೆಲಸ ಸಾಗುತ್ತದೆ. ಸಾಮೂಹಿಕ ಶಿಬಿರದಲ್ಲಿಯೂ ಇದೇ ಉಪಾಯ. ಬಹಳ ತರಬೇತಿ ಬೇಕಾದ ಒಂದು ಹೆಜ್ಜೆಯನ್ನು ಮಾತ್ರ ವೈದ್ಯರು ಮಾಡುತ್ತಾರೆ. ಉಳಿದ ಹೆಜ್ಜೆಗಳನ್ನು ತರಬೇತಾದ ಸಹಾಯಕರು ನೋಡಿಕೊಳ್ಳುತ್ತಾರೆ. ಹೀಗೆ ಒಬ್ಬ ವೈದ್ಯರ ಸಮಯ ನೂರಾರು ಜನರಿಗೆ ಒದಗುತ್ತದೆ.

ಲೆಕ್ಕ ಮಾಡಿ ನೋಡೋಣ

ಗಿನ್ನೆಸ್ ದಾಖಲೆಗಳ ಪುಸ್ತಕದಲ್ಲಿ ಮೋದಿಯವರ ಹೆಸರಿದೆ. ಅದರ ಪ್ರಕಾರ 1943ರಿಂದ 1993ರ ಫೆಬ್ರವರಿಯವರೆಗೆ ಅವರು 46,120 ಹಳ್ಳಿಗಳಿಗೆ ಭೇಟಿ ಕೊಟ್ಟರು. 1,21,18,630 ಜನರನ್ನು ನೋಡಿದರು. 6,10,564 ಶಸ್ತ್ರಚಿಕಿತ್ಸೆ ಮಾಡಿದರು. ಒಂದೇ ದಿನದಲ್ಲಿ 833 ಪೊರೆ ಶಸ್ತ್ರಚಿಕಿತ್ಸೆ ಮಾಡಿದ್ದೂ ದಾಖಲಾಗಿದೆ.

ಇಷ್ಟು ದೊಡ್ಡ ಸಂಖ್ಯೆಗಳನ್ನು ಸುಮ್ಮನೆ ಓದಿದರೆ ತಿಳಿಯುವುದಿಲ್ಲ. ಕಾಗದ, ಪೆನ್ಸಿಲು ತೆಗೆದುಕೊಳ್ಳಿ.

ಕರ್ನಾಟಕದಲ್ಲಿ ಇರುವ ಹಳ್ಳಿಗಳು ಸುಮಾರು 29,000. 46,120 ಅದಕ್ಕಿಂತ ಎಷ್ಟೋ ಹೆಚ್ಚು. ಅಂದರೆ ಅವರ ದಾರಿ ನಮ್ಮ ರಾಜ್ಯದ ಗಡಿಯಲ್ಲಿ ನಿಲ್ಲಲಿಲ್ಲ.

6,10,564ನ್ನು 50 ವರ್ಷಗಳಿಂದ ಭಾಗಿಸಿ. ವರ್ಷಕ್ಕೆ ಸುಮಾರು 12,200. ಅದನ್ನು 365ರಿಂದ ಭಾಗಿಸಿದರೆ ದಿನಕ್ಕೆ 33. ಭಾನುವಾರ, ಹಬ್ಬ, ಪ್ರಯಾಣದ ದಿನ ಯಾವುದನ್ನೂ ಕಳೆಯದೆ ಐವತ್ತು ವರ್ಷ ಪ್ರತಿದಿನ 33!

833ರ ಲೆಕ್ಕ ಇನ್ನೂ ಸೋಜಿಗದ್ದು. ಒಂದು ದಿನಕ್ಕೆ 1,440 ನಿಮಿಷ. ಊಟ, ನಿದ್ದೆ ಬಿಟ್ಟು ದಿನವಿಡೀ ದುಡಿದರೂ ಒಂದು ಕಣ್ಣಿಗೆ ಎರಡು ನಿಮಿಷ ಸಿಗುವುದಿಲ್ಲ. ಒಬ್ಬರೇ ಎಲ್ಲವನ್ನೂ ಮಾಡಿದ್ದರೆ ಇದು ಆಗುತ್ತಲೇ ಇರಲಿಲ್ಲ. ಹಂಚಿಕೊಂಡು ಮಾಡುವ ಕೆಲಸದ ಬಲ ಎಂಥದೆಂದು ಇದರಿಂದ ತಿಳಿಯುತ್ತದೆ.

ಕೊನೆಯದಾಗಿ ಒಂದು ಮುಖ್ಯವಾದ ಲೆಕ್ಕ. ನೋಡಿದ ಜನರ ಸಂಖ್ಯೆಯನ್ನು ಶಸ್ತ್ರಚಿಕಿತ್ಸೆಗಳ ಸಂಖ್ಯೆಯಿಂದ ಭಾಗಿಸಿ. ಉತ್ತರ ಸುಮಾರು 20. ಅಂದರೆ ಒಂದು ಶಸ್ತ್ರಚಿಕಿತ್ಸೆಗೆ ಇಪ್ಪತ್ತು ಜನರ ಪರೀಕ್ಷೆ ನಡೆದಿದೆ. ಹೀಗೆ ಕಣ್ಣು ತೋರಿಸಲು ಬರುವವರಲ್ಲಿ ಕೆಲವರಿಗೆ ಕನ್ನಡಕ ಸಾಕು, ಕೆಲವರಿಗೆ ಹನಿ ಔಷಧಿ ಸಾಕು. ಕೆಲವರ ಪೊರೆಗೆ ಇನ್ನೂ ಕಾಯಬಹುದು. ಇನ್ನು ಕೆಲವರ ಕಣ್ಣಿನ ನರವೇ ಸೋತಿರುತ್ತದೆ. ಅಂಥವರಿಗೆ ಮಸೂರ ತೆಗೆದರೂ ಕಾಣುವುದಿಲ್ಲ.

ಕತ್ತರಿ ಹಿಡಿಯುವುದು ಎಷ್ಟು ದೊಡ್ಡ ಕೆಲಸವೋ, ಕತ್ತರಿ ಬೇಡವೆಂದು ತೀರ್ಮಾನಿಸುವುದೂ ಅಷ್ಟೇ ದೊಡ್ಡ ಕೆಲಸ. ಹಳ್ಳಿಗೆ ಬಂದ ವೈದ್ಯರಿಂದ ಜನಕ್ಕೆ ಸಿಗುವ ಮೊದಲ ಉಪಕಾರ ಇದೇ. ತನಗೇನಾಗಿದೆ, ಇದು ವಾಸಿಯಾಗುತ್ತದೆಯೇ ಇಲ್ಲವೇ ಎಂಬುದನ್ನು ತಿಳಿದವರೊಬ್ಬರು ಎದುರಿಗೆ ಕುಳಿತು ಹೇಳುತ್ತಾರೆ. ಒಂದೇ ಊರಿನಲ್ಲಿ ಒಬ್ಬರಿಗೆ ಕಣ್ಣು ಬಂತೆಂದರೆ ಉಳಿದವರ ಭಯ ತಾನಾಗಿ ಕಡಿಮೆಯಾಗುತ್ತದೆ. ಹಿಂದಿನ ವರ್ಷ ಹೆದರಿ ಮನೆಯಲ್ಲಿ ಉಳಿದವರು ಮುಂದಿನ ಶಿಬಿರಕ್ಕೆ ಬರುತ್ತಾರೆ.

ಭಾರತ ಸರ್ಕಾರ ಮೋದಿಯವರ ಸೇವೆಗೆ 1956ರಲ್ಲಿ ಪದ್ಮಶ್ರೀ ಮತ್ತು 1968ರಲ್ಲಿ ಪದ್ಮಭೂಷಣ ಪ್ರಶಸ್ತಿ ಕೊಟ್ಟು ಗೌರವಿಸಿತು.

ದಪ್ಪ ಕನ್ನಡಕದ ಕಾಲ

ಆ ಕಾಲದ ಶಸ್ತ್ರಚಿಕಿತ್ಸೆಗೆ ಮಿತಿಗಳಿದ್ದವು. ವಿಜ್ಞಾನ ಓದುವ ನಾವು ಅವನ್ನೂ ತಿಳಿಯಬೇಕು.

ಆಗ ಮಂಜಾದ ಮಸೂರವನ್ನು ತೆಗೆಯುತ್ತಿದ್ದರು, ಅದರ ಜಾಗದಲ್ಲಿ ಏನನ್ನೂ ಇಡುತ್ತಿರಲಿಲ್ಲ. ಮಸೂರವಿಲ್ಲದ ಕಣ್ಣಿಗೆ ಬೆಳಕು ಬರುತ್ತದೆ, ಆದರೆ ಬಿಂಬ ಸ್ಪಷ್ಟವಾಗುವುದಿಲ್ಲ. ಅದಕ್ಕಾಗಿ ಬಹಳ ದಪ್ಪ ಗಾಜಿನ ಕನ್ನಡಕ ಹಾಕಬೇಕಿತ್ತು. ಅದನ್ನು ಹಾಕಿಕೊಂಡರೆ ವಸ್ತುಗಳು ಕಾಲು ಭಾಗದಷ್ಟು ದೊಡ್ಡದಾಗಿ, ಹತ್ತಿರದಲ್ಲಿರುವಂತೆ ಕಾಣುತ್ತಿದ್ದವು. ಮೆಟ್ಟಿಲು ಇಳಿಯುವಾಗ ಅಂದಾಜು ತಪ್ಪುತ್ತಿತ್ತು. ಕನ್ನಡಕ ಬಿದ್ದು ಒಡೆದರೆ ಮತ್ತೆ ಮಬ್ಬು. ಆದರೂ ಏನೂ ಕಾಣದಿದ್ದವರಿಗೆ ಅದು ದೊಡ್ಡ ಭಾಗ್ಯವಾಗಿತ್ತು.

ಮಸೂರದ ಜಾಗದಲ್ಲಿ ಕೃತಕ ಮಸೂರ ಇಡುವ ಉಪಾಯ ಇಂಗ್ಲೆಂಡಿನ ವೈದ್ಯ ಹೆರಾಲ್ಡ್ ರಿಡ್ಲಿಯವರದು. ಎರಡನೆಯ ಮಹಾಯುದ್ಧದಲ್ಲಿ ಕೆಲವು ವಿಮಾನ ಚಾಲಕರ ಕಣ್ಣಿಗೆ ವಿಮಾನದ ಕಿಟಕಿಯ ಪ್ಲಾಸ್ಟಿಕ್ ಚೂರು ಹೊಕ್ಕಿತ್ತು. ಸಾಮಾನ್ಯವಾಗಿ ಹೊರಗಿನ ವಸ್ತು ಹೊಕ್ಕರೆ ಕಣ್ಣು ಕೆರಳುತ್ತದೆ. ಆದರೆ ಈ ಪ್ಲಾಸ್ಟಿಕ್ಕಿಗೆ ಕೆರಳಲಿಲ್ಲ. ಇದನ್ನು ಗಮನಿಸಿದ ರಿಡ್ಲಿ ಅಂಥದೇ ಪ್ಲಾಸ್ಟಿಕ್ಕಿನಿಂದ ಮಸೂರ ಮಾಡಿಸಿ 1949ರಲ್ಲಿ ರೋಗಿಯ ಕಣ್ಣಿನೊಳಗೆ ಇಟ್ಟರು. ಇದು ಎಲ್ಲರಿಗೂ ಒದಗಲು ಹಲವು ದಶಕ ಬೇಕಾಯಿತು. 1992ರಲ್ಲಿ ತಮಿಳುನಾಡಿನ ಮದುರೆಯಲ್ಲಿ ಅರವಿಂದ ಕಣ್ಣಿನ ಆಸ್ಪತ್ರೆಯವರು ಕಡಿಮೆ ಬೆಲೆಯ ಮಸೂರ ತಯಾರಿಸತೊಡಗಿದರು. ಆಮೇಲೆ ಬಡವರಿಗೂ ಅದು ಸಿಗುವಂತಾಯಿತು.

ಇನ್ನೊಂದು ಮಿತಿ ಶುಚಿತ್ವದ್ದು. ಶಾಲೆಯ ಕೊಠಡಿಯನ್ನು ಎಷ್ಟೇ ತೊಳೆದರೂ ಅದು ಆಸ್ಪತ್ರೆಯ ಶಸ್ತ್ರಚಿಕಿತ್ಸಾ ಕೊಠಡಿಯಾಗುವುದಿಲ್ಲ. ಕಣ್ಣಿಗೆ ಕಾಣದ ರೋಗಾಣುಗಳು ಒಂದು ಉಪಕರಣದ ಮೂಲಕ ಅಥವಾ ಒಂದು ಔಷಧಿ ಸೀಸೆಯ ಮೂಲಕ ಒಂದೇ ದಿನ ಹಲವರ ಕಣ್ಣಿಗೆ ಹೋಗಬಲ್ಲವು. ಶಿಬಿರ ಮುಗಿದು ವೈದ್ಯರು ಹೊರಟ ಮೇಲೆ ಯಾರಿಗಾದರೂ ಕಣ್ಣು ಕೆಂಪಾದರೆ ನೋಡುವವರು ಇರುತ್ತಿರಲಿಲ್ಲ. ಆದ್ದರಿಂದ ಶಾಲೆ, ಛತ್ರಗಳಲ್ಲಿ ಶಸ್ತ್ರಚಿಕಿತ್ಸೆ ಮಾಡುವ ಪದ್ಧತಿಯನ್ನು ಕ್ರಮೇಣ ಕೈಬಿಡಲಾಯಿತು. ಒಂದು ದಿನಕ್ಕೆ 833 ಎಂಬ ದಾಖಲೆಯನ್ನು ಮುರಿಯಲು ಇಂದು ವೈದ್ಯರು ಪ್ರಯತ್ನಿಸಬಾರದು. ಆ ಕಾಲದಲ್ಲಿ ಶಿಬಿರಕ್ಕೆ ಬಂದವರಿಗೆ ಬೇರೆ ದಾರಿ ಇರಲಿಲ್ಲ. ಈಗ ಇದೆ.

ಹಾಗಾದರೆ ಶಿಬಿರಗಳು ನಿಂತುಹೋದವೇ? ಇಲ್ಲ, ರೂಪ ಬದಲಾಯಿಸಿದವು. 1976ರಲ್ಲಿ ಭಾರತ ಸರ್ಕಾರ ರಾಷ್ಟ್ರೀಯ ಅಂಧತ್ವ ನಿಯಂತ್ರಣ ಕಾರ್ಯಕ್ರಮ ಆರಂಭಿಸಿತು. ಈಗ ಪರೀಕ್ಷೆ ಹಳ್ಳಿಯಲ್ಲಿ ನಡೆಯುತ್ತದೆ, ಶಸ್ತ್ರಚಿಕಿತ್ಸೆ ಆಸ್ಪತ್ರೆಯಲ್ಲಿ. ಪೊರೆ ಇದ್ದವರನ್ನು ವಾಹನದಲ್ಲಿ ಕರೆದೊಯ್ದು, ಕೃತಕ ಮಸೂರ ಇಟ್ಟು, ಮತ್ತೆ ಊರಿಗೆ ಬಿಡುವ ಏರ್ಪಾಡು ಹಲವು ಕಡೆ ಇದೆ. ಬೆಂಗಳೂರಿನ ಹೊರವಲಯದಲ್ಲೇ ವೈಟ್‌ಫೀಲ್ಡ್‌ನಲ್ಲಿ 2001ರಲ್ಲಿ ಆರಂಭವಾದ ಸತ್ಯಸಾಯಿ ಆಸ್ಪತ್ರೆಯಲ್ಲಿ ಕಣ್ಣಿನ ಚಿಕಿತ್ಸೆ ಉಚಿತ. ಹಿಂದೆ ಹೊಲಗಳಿದ್ದ ಎಲೆಕ್ಟ್ರಾನಿಕ್ ಸಿಟಿಯ ಆಚೆ, ಬೊಮ್ಮಸಂದ್ರದಲ್ಲಿ ಈಗ ದೊಡ್ಡ ಕಣ್ಣಿನ ಆಸ್ಪತ್ರೆಯೇ ಇದೆ.

ಆದರೂ ದೂರ ಪೂರ್ತಿ ಅಳಿದಿಲ್ಲ. ಬಾಗಲಕೋಟೆ, ರಾಯಚೂರು, ಕಲಬುರಗಿ ಕಡೆಯಿಂದ ಕೆಲಸಕ್ಕೆಂದು ಪೀಣ್ಯಕ್ಕೆ, ವೈಟ್‌ಫೀಲ್ಡಿಗೆ ಬಂದ ಕುಟುಂಬಗಳು ಎಷ್ಟೋ ಇವೆ. ಮಕ್ಕಳು ಇಲ್ಲಿ ಓದುತ್ತಾರೆ, ಅಜ್ಜ ಅಜ್ಜಿ ಊರಲ್ಲಿ ಇರುತ್ತಾರೆ. ಅವರ ಕಣ್ಣು ಮಂಜಾದರೆ ಆಸ್ಪತ್ರೆಗೆ ಕರೆದೊಯ್ಯುವವರು ಹತ್ತಿರ ಇರುವುದಿಲ್ಲ. ರಜೆಗೆ ಊರಿಗೆ ಹೋದಾಗ ನೀವು ಗಮನಿಸಬಹುದು. ಅಜ್ಜಿ ಅಕ್ಕಿಯಲ್ಲಿನ ಕಲ್ಲು ಆರಿಸಲು ಕಷ್ಟಪಡುತ್ತಾರೆಯೇ? ದೀಪದ ಸುತ್ತ ಬಣ್ಣದ ಬಳೆ ಕಾಣುತ್ತದೆ ಎನ್ನುತ್ತಾರೆಯೇ? ಎದುರಿಗೆ ಬಂದವರನ್ನು ದನಿಯಿಂದ ಗುರುತಿಸುತ್ತಾರೆಯೇ? ಹಾಗಿದ್ದರೆ ಮನೆಯವರಿಗೆ ತಿಳಿಸಿ. ಊರಿನ ಆಶಾ ಕಾರ್ಯಕರ್ತೆ ಅಥವಾ ಪ್ರಾಥಮಿಕ ಆರೋಗ್ಯ ಕೇಂದ್ರದವರು ಮುಂದಿನ ದಾರಿ ತೋರಿಸುತ್ತಾರೆ.

ಡಾ. ಎಂ. ಸಿ. ಮೋದಿಯವರು 2005ರ ನವೆಂಬರ್ 11ರಂದು ಬೆಂಗಳೂರಿನಲ್ಲಿ ತೀರಿಕೊಂಡರು. ಅವರಿಗೆ ಆಗ 89 ವರ್ಷ. ಅವರು ಬಳಸಿದ ಶಸ್ತ್ರಚಿಕಿತ್ಸೆಯ ಕ್ರಮ ಈಗ ಹಳೆಯದಾಗಿದೆ. ದಪ್ಪ ಕನ್ನಡಕಗಳು ಮರೆಯಾಗಿವೆ. ಆದರೆ ರೋಗಿ ಬರಲಾರದ ಕಡೆಗೆ ವೈದ್ಯರೇ ಹೋಗಬೇಕು ಎಂಬ ಅವರ ನಡೆ ಹಳೆಯದಾಗಿಲ್ಲ.

ಮಾಡಿ ನೋಡಿ

1. ತೆಳು ಎಣ್ಣೆ ಕಾಗದ ಅಥವಾ ಬಿಳಿಯ ಪ್ಲಾಸ್ಟಿಕ್ ಹಾಳೆಯ ಎರಡು ತುಂಡು ತೆಗೆದುಕೊಳ್ಳಿ. ಒಂದನ್ನು ಕಣ್ಣಿನ ಮುಂದೆ ಹಿಡಿದು ಕಪ್ಪು ಹಲಗೆಯ ಅಕ್ಷರ ಓದಲು ಪ್ರಯತ್ನಿಸಿ. ಬಳಿಕ ಎರಡನ್ನೂ ಸೇರಿಸಿ ಹಿಡಿಯಿರಿ. ಪೊರೆ ಬಲಿಯುತ್ತಾ ಹೋದಂತೆ ಹೇಗೆ ಕಾಣುತ್ತದೆ ಎಂಬುದು ತಿಳಿಯುತ್ತದೆ. ಕುಳಿತಲ್ಲೇ ಮಾಡಿ, ನಡೆದಾಡಬೇಡಿ. ಸೂರ್ಯನ ಕಡೆ ನೋಡಬೇಡಿ.

2. ಒಂದು ಭೂತಗನ್ನಡಿಯನ್ನು ಕಿಟಕಿಯ ಎದುರು ಹಿಡಿದು, ಅದರ ಹಿಂದೆ ಬಿಳಿ ಕಾಗದ ಹಿಡಿಯಿರಿ. ಕಾಗದವನ್ನು ಹಿಂದೆ ಮುಂದೆ ಸರಿಸಿ. ಕಿಟಕಿಯ ತಲೆಕೆಳಗಾದ ಬಿಂಬ ಕಾಗದದ ಮೇಲೆ ಮೂಡುತ್ತದೆ. ಭೂತಗನ್ನಡಿಯೇ ಮಸೂರ, ಕಾಗದವೇ ಅಕ್ಷಿಪಟಲ. ಈಗ ಭೂತಗನ್ನಡಿಯ ಮೇಲೆ ಎಣ್ಣೆ ಕಾಗದ ಮುಚ್ಚಿ. ಬಿಂಬ ಏನಾಯಿತು?

ಕಣ್ಣು ಜೋಪಾನ

ಕಣ್ಣಿಗೆ ಸೊಪ್ಪಿನ ರಸ, ಎಣ್ಣೆ, ಜೇನುತುಪ್ಪ ಏನನ್ನೂ ಹಾಕಬೇಡಿ. ಧೂಳು ಬಿದ್ದರೆ ಉಜ್ಜಬೇಡಿ, ಶುದ್ಧ ನೀರಿನಿಂದ ತೊಳೆಯಿರಿ. ವೆಲ್ಡಿಂಗ್ ಬೆಳಕನ್ನು ಬರಿಗಣ್ಣಿನಿಂದ ನೋಡಬೇಡಿ. ಮನೆಯಲ್ಲಿ ವೆಲ್ಡಿಂಗ್, ಗ್ರೈಂಡಿಂಗ್ ಕೆಲಸ ಮಾಡುವವರಿದ್ದರೆ ರಕ್ಷಣೆಯ ಕನ್ನಡಕ ಹಾಕಿಕೊಳ್ಳಲು ನೆನಪಿಸಿ. ಚಿನ್ನಿದಾಂಡು, ಬಿಲ್ಲುಬಾಣ, ಪಟಾಕಿಗಳಿಂದ ಪ್ರತಿ ವರ್ಷ ಮಕ್ಕಳ ಕಣ್ಣಿಗೆ ಪೆಟ್ಟಾಗುತ್ತದೆ, ಎಚ್ಚರವಿರಲಿ. ನುಗ್ಗೆಸೊಪ್ಪು, ಪರಂಗಿ ಹಣ್ಣು, ಕ್ಯಾರೆಟ್ ತಿನ್ನಿ. ಇವುಗಳಿಂದ ಎ ವಿಟಮಿನ್ ಸಿಗುತ್ತದೆ. ಅದರ ಕೊರತೆಯಾದರೆ ಇರುಳುಗಣ್ಣು ಬರುತ್ತದೆ. ಕಪ್ಪು ಹಲಗೆ ಸರಿಯಾಗಿ ಕಾಣದಿದ್ದರೆ ನಾಚಿಕೆಪಡದೆ ನಿಮ್ಮ ಶಿಕ್ಷಕರಿಗೆ ಹೇಳಿ.